ಹಸೆಮಣೆಗೆ ನಡೆಯುವಾಗ ಯಾವ ವಾದ್ಯ?

ಮಗಳೇ, ಮುಹೂರ್ತ ಗೊತ್ತಾಯಿತು, ಛತ್ರವೂ ಸಿಕ್ಕಿತು. ಸೋದರಮಾವನ ಕೈಹಿಡಿದು ಹಸೆಮಣೆಯತ್ತ ಬರುವಾಗ ಯಾವ ವಾದ್ಯ ನುಡಿಸಿದರೆ ಚೆಂದ ಎಂದು ಕೇಳಿದ್ದೀಯ. ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿಯ ಛತ್ರಗಳಲ್ಲಿ ಈಚೆಗೆ ಹೆಣ್ಣಿನ ‘ಎಂಟ್ರಿ’ಗೆಂದೇ ಒಂದು ಹಾಡು ಹಾಕಿಸುವುದು ರೂಢಿಯಾಗುತ್ತಿದೆ. ಆಸೆ ಒಳ್ಳೆಯದೇ. ನನ್ನ ಮಾತು ಇಷ್ಟು: ನಿನ್ನ ಹೆಜ್ಜೆಗೆ ಕಾಯುವ ಸಂಗೀತವನ್ನು ಆರಿಸಿಕೋ. ಸಂಗೀತ ಮುಗಿಯುವುದರೊಳಗೆ ಮಂಟಪ ಮುಟ್ಟಬೇಕೆಂಬ ಆತುರ ನಿನಗೆ ಬರಬಾರದು.

ಅದಕ್ಕೇ ಮೊದಲು ವಾಲಗದವರನ್ನು ನೆನೆ. ರೆಕಾರ್ಡಿನ ಹಾಡಿಗೆ ಕಣ್ಣಿಲ್ಲ. ಸೀರೆಯ ಅಂಚು ಕಾಲಿಗೆ ಸಿಕ್ಕೀತು, ಫೋಟೋದವರು ‘ಒಂದ್ನಿಮಿಷ ನಿಂತ್ಕೊಳ್ಳಿ’ ಅಂದಾರು, ಅಜ್ಜಿಯೊಬ್ಬರು ದಾರಿಯಲ್ಲೇ ಕೆನ್ನೆ ಸವರಿ ದೃಷ್ಟಿ ತೆಗೆದಾರು. ನಾದಸ್ವರದವರು ಅದನ್ನೆಲ್ಲ ನೋಡುತ್ತಲೇ ಇರುತ್ತಾರೆ. ನೀನು ನಿಂತರೆ ಪಲ್ಲವಿಯನ್ನೇ ಇನ್ನೊಂದು ಸುತ್ತು ತರುತ್ತಾರೆ, ನೀನು ಹಸೆಮಣೆ ಏರಿದ ಮೇಲೆಯೇ ಮುಕ್ತಾಯ ಮಾಡುತ್ತಾರೆ. ಒಬ್ಬರು ಉಸಿರು ತೆಗೆದುಕೊಳ್ಳುವಾಗ ಜೊತೆಯವರು ಎಳೆ ಹಿಡಿದಿರುತ್ತಾರೆ. ಹಿಂದೆ ಶ್ರುತಿ ನಿಲ್ಲುವುದೇ ಇಲ್ಲ.

ಏನು ನುಡಿಸಬೇಕು? ‘ಭಾಗ್ಯದ ಲಕ್ಷ್ಮೀ ಬಾರಮ್ಮ’ಕ್ಕಿಂತ ಹತ್ತಿರದ್ದು ನನಗೆ ತೋಚುವುದಿಲ್ಲ. ಲಕ್ಷ್ಮಿಯನ್ನು ಮನೆಗೆ ಕರೆಯುವ ಪುರಂದರದಾಸರ ಪದ ಅದು. ಮೊದಲ ಸ್ವರ ಕೇಳಿದ ಕೂಡಲೇ ನೆರೆದವರ ಮನಸ್ಸಿನಲ್ಲಿ ಸಾಹಿತ್ಯ ತಾನಾಗಿ ಓಡುತ್ತದೆ. ನಮ್ಮ ಊರಿನದೇ ನಂಟು ಬೇಕೆಂದರೆ ‘ಜಗದೋದ್ಧಾರನ’ ಇದೆ. ಚನ್ನಪಟ್ಟಣದ ಪಕ್ಕದ ದೊಡ್ಡಮಳೂರಿನಲ್ಲಿ ಅಂಬೆಗಾಲು ಕೃಷ್ಣನನ್ನು ಕಂಡು ದಾಸರು ಹಾಡಿದ್ದೆಂಬ ಪ್ರತೀತಿ ಅದಕ್ಕಿದೆ. ಕಾಪಿ ರಾಗದಲ್ಲಿ ವೀಣೆಯ ಮೇಲೋ ಕೊಳಲಿನಲ್ಲೋ ನಿಧಾನವಾಗಿ ನುಡಿಸಿದರೆ ನಡಿಗೆಗೆ ಚೆನ್ನಾಗಿ ಒದಗುತ್ತದೆ. ಕೃತಿಯೇ ಬೇಡವೆಂದರೆ ಮೋಹನದಲ್ಲೋ ಕಲ್ಯಾಣಿಯಲ್ಲೋ ಬರೀ ಆಲಾಪನೆ ಸಾಕು. ತ್ಯಾಗರಾಜರ ‘ಸೀತಾ ಕಲ್ಯಾಣ’ವನ್ನು ಮಾತ್ರ ಮಾಂಗಲ್ಯಧಾರಣೆಯ ಸುತ್ತಿನ ಶಾಸ್ತ್ರಗಳಿಗೆ ಉಳಿಸಿಕೋ, ಅದರ ಜಾಗ ಅಲ್ಲಿ.

ಬರೀ ವಾದ್ಯ ತಾನೇ, ಮಾತು ಯಾವುದಾದರೇನು ಅನ್ನಬೇಡ. ಮಾತಿಲ್ಲದಿದ್ದರೂ ಹಾಡಿನ ಅರ್ಥ ಹಿಂದೆಯೇ ಬರುತ್ತದೆ. 1977ರ ‘ಸನಾದಿ ಅಪ್ಪಣ್ಣ’ ಚಿತ್ರದಲ್ಲಿ ಬಿಸ್ಮಿಲ್ಲಾ ಖಾನರು ನುಡಿಸಿದ ಶಹನಾಯಿ ನಮ್ಮ ಜನಕ್ಕೆ ಪ್ರಾಣ. ಆದರೆ ಅದರ ‘ಕರೆದರೂ ಕೇಳದೆ’ ಮಾತಾಡದ ನಲ್ಲನನ್ನು ಬೇಡಿಕೊಳ್ಳುವ ಹಾಡು. ಆರತಕ್ಷತೆಯ ಕಛೇರಿಯಲ್ಲಿ ಕೇಳಲು ಹಿತ, ಹಸೆಮಣೆಯ ದಾರಿಗೆ ಬೇಡ. ಕನಕಪುರದ ಹಾರೋಬೆಲೆಯಂಥ ಊರಿನ ಕ್ರೈಸ್ತ ಗೆಳತಿಯರಿಗೂ ಇದೇ ಮಾತು ಹೇಳುತ್ತೇನೆ. ವಧು ಚರ್ಚಿನೊಳಗೆ ಬರುವಾಗ ಲೋಕವೆಲ್ಲ ನುಡಿಸುವ ಆ ರಾಗ ವಾಗ್ನರನ ‘ಲೋಹೆನ್‌ಗ್ರಿನ್’ ಎಂಬ ಗೀತನಾಟಕದ್ದು, 1850ರಲ್ಲಿ ಮೊದಲು ರಂಗಕ್ಕೆ ಬಂದದ್ದು. ಅಲ್ಲಿ ಮದುವೆ ಮುಗಿದ ಮೇಲೆ ದಂಪತಿಯನ್ನು ಕೋಣೆಗೆ ಕಳಿಸುತ್ತ ಅದನ್ನು ಹಾಡುತ್ತಾರೆ, ಅದೇ ರಾತ್ರಿ ಆ ಸಂಬಂಧ ಮುರಿದುಬೀಳುತ್ತದೆ. ಇಷ್ಟಪಟ್ಟು ನುಡಿಸಿದರೆ ತಪ್ಪೇನಿಲ್ಲ. ಆದರೆ ಕಥೆ ಗೊತ್ತಿದ್ದು ಆರಿಸಬೇಕು, ಮೊದಲೇ ಗುರುಗಳನ್ನು ಒಂದು ಮಾತು ಕೇಳಬೇಕು.

ವಾದ್ಯ ಜಾಗಕ್ಕೂ ಹೊಂದಬೇಕು. ನಾದಸ್ವರ ರಥಬೀದಿಯಲ್ಲಿ, ದೇವಸ್ಥಾನದ ಪ್ರಾಕಾರದಲ್ಲಿ ಮೊಳಗುವ ವಾದ್ಯ. ಛತ್ರದ ಹಾಲಿನಲ್ಲಿ ಅದರ ಮುಂದೆ ಮೈಕ್ ಇಡಲು ಬಿಡಬೇಡ, ಕಿವಿಗೆ ಚುಚ್ಚುತ್ತದೆ. ಹಾಲು ತೀರ ಚಿಕ್ಕದಾದರೆ ವೀಣೆ, ಕೊಳಲು, ಪಿಟೀಲು ವಾಸಿ. ಅವಕ್ಕೆ ಮೈಕ್ ಬೇಕು. ವೀಣೆಯೆಂದರೆ ನಮ್ಮ ಸೀಮೆಗೆ ಒಂದು ಹೆಮ್ಮೆಯೂ ಇದೆ. 1800ರಲ್ಲಿ ಇಲ್ಲಿ ಹಾದುಹೋದ ಪ್ರವಾಸಿ ಬುಕಾನನ್, ಚನ್ನಪಟ್ಟಣದಲ್ಲಿ ವಾದ್ಯಗಳಿಗಾಗಿ ಉಕ್ಕಿನ ತಂತಿ ಎಳೆಯುತ್ತಿದ್ದುದನ್ನು ಬರೆದಿಟ್ಟಿದ್ದಾನೆ. ಸ್ಯಾಕ್ಸೊಫೋನ್ ಇಷ್ಟವಾದರೆ ಹಿಂಜರಿಯಬೇಡ. ನಾದಸ್ವರದ ಮನೆಯಲ್ಲಿ ಹುಟ್ಟಿದ ಕದ್ರಿ ಗೋಪಾಲನಾಥರು ಅದನ್ನು ಕರ್ನಾಟಕ ಸಂಗೀತಕ್ಕೆ ಪಳಗಿಸಿ ಕೊಟ್ಟುಹೋಗಿದ್ದಾರೆ.

ಇನ್ನು ಅಳತೆ. ಒಂದು ದಿನ ಛತ್ರಕ್ಕೆ ಹೋಗಿ, ರೇಷ್ಮೆ ಸೀರೆ ಉಟ್ಟು, ಕೋಣೆಯ ಬಾಗಿಲಿನಿಂದ ಮಂಟಪದವರೆಗೆ ಮಾವನ ಜೊತೆ ನಿಜವಾಗಿ ನಡೆದು ನೋಡು. ಆರಾಮವಾಗಿ ನಡೆದರೂ ಒಂದೆರಡು ನಿಮಿಷಕ್ಕೆ ದಾರಿ ಮುಗಿಯುತ್ತದೆ. 5 ನಿಮಿಷದ ಹಾಡಿನ ಚೆಂದವೆಲ್ಲ ಕೊನೆಯಲ್ಲಿದ್ದರೆ ನಿನಗದು ದಕ್ಕುವುದಿಲ್ಲ, ಪಲ್ಲವಿಯಲ್ಲೇ ತುಂಬಿಕೊಳ್ಳುವಂಥದ್ದು ಬೇಕು. ರೆಕಾರ್ಡೇ ಅನಿವಾರ್ಯವಾದರೆ ನಡುವೆ ಕತ್ತರಿಸದೆ, ಮೆಲ್ಲಗೆ ಸದ್ದು ಇಳಿಸುವಂತೆ ಸೌಂಡಿನ ಹುಡುಗನಿಗೆ ಹೇಳು. ಆ ಕೆಲಸಕ್ಕೆ ಮನೆಯವರೊಬ್ಬರು ಪಕ್ಕದಲ್ಲೇ ನಿಂತಿರಲಿ.

ಇದನ್ನಂತೂ ಮರೆಯಬೇಡ: ನಿನ್ನ ನಡಿಗೆಯ ಸಂಗೀತ ಗಟ್ಟಿಮೇಳವನ್ನು ನುಂಗಬಾರದು. ಪುರೋಹಿತರು ಕೈಯೆತ್ತಿದ ಕ್ಷಣ ಡೋಲು ಒಮ್ಮೆಲೇ ಏರಬೇಕು, ಆ ಹೊತ್ತಿನಲ್ಲಿ ಅಪಸ್ವರ ಯಾವುದೂ ಕಿವಿಗೆ ಬೀಳಬಾರದೆಂದು ಹಿರಿಯರು ಮಾಡಿದ ಏರ್ಪಾಡು ಅದು. ಬರುವಾಗಲೇ ಡೋಲು ಅಬ್ಬರಿಸಿಬಿಟ್ಟರೆ ತಾಳಿಯ ಹೊತ್ತಿಗೆ ಏರಲು ಜಾಗವೇ ಇರುವುದಿಲ್ಲ. ಆದ್ದರಿಂದ ಬರುವಾಗ ಡೋಲು ಮೆತ್ತಗಿರಲಿ. ಹಳ್ಳಿಯಿಂದ ಬಂದ ಹೆಂಗಸರು ಸೋಬಾನೆ ಎತ್ತಿದರೆ ವಾದ್ಯ ನಿಂತು ಅವರಿಗೆ ದಾರಿ ಬಿಡಲಿ. ಅವರ ದನಿಯೂ ನಿನ್ನ ಮದುವೆಯ ಆಸ್ತಿ.

ಕೊನೆಯದಾಗಿ, ನುಡಿಸುವವರ ಮಾತು. ನಾದಸ್ವರದ ತುದಿಯಲ್ಲಿ ದಾರಕ್ಕೆ ಕಟ್ಟಿದ ಹುಲ್ಲಿನ ನಾಲಗೆಗಳು ತೂಗುತ್ತಿರುವುದನ್ನು ನೋಡಿರುತ್ತೀಯ. ಅಂಥದ್ದೊಂದನ್ನು ಬಾಯಲ್ಲಿ ನೆನೆಸಿ, ಹದ ನೋಡಿ ಕೂಡಿಸಿದ ಮೇಲೆಯೇ ದನಿ ಇಂಪಾಗುವುದು. ನೀನು ಕೋಣೆಯಿಂದ ಹೊರಡುವ 10 ನಿಮಿಷ ಮೊದಲು ಯಾರಾದರೂ ಹೋಗಿ ಅವರಿಗೆ ತಿಳಿಸಲಿ. ಹೊತ್ತಿಗೆ ಸರಿಯಾಗಿ ಅವರಿಗೆ ಎಲೆ ಹಾಕಿಸಿ, ಒಪ್ಪಿದ ಹಣವನ್ನು ತಾಂಬೂಲದ ಜೊತೆ ನೀವೇ ಕೈಗೆ ಕೊಡಿ. ಆಷಾಢದಲ್ಲಿ ಮದುವೆಗಳಿಲ್ಲದೆ ವಾಲಗದವರಿಗೆ ಬಿಡುವಿರುತ್ತದೆ. ಆಗಲೇ ಅವರ ಮನೆಗೆ ಹೋಗಿ ಕೂತು, ಎರಡು ಮೂರು ಕೃತಿ ಕೇಳು. ಯಾವುದನ್ನು ಕೇಳುವಾಗ ನಿನ್ನ ಎದೆಬಡಿತ ತಾನಾಗಿ ಶಾಂತವಾಗುತ್ತದೋ ಅದನ್ನೇ ಗೊತ್ತುಮಾಡಿ, ಅಲ್ಲೇ ಅಡಕೆ ಎಲೆ ಇಟ್ಟು ಬಾ.