‘ಒಂದು ವೇಳೆ’ ಎಂಬ ದುರ್ಬೀನು

ಪರ್ಷಿಯನ್ ಕಥೆಗಳ ಜಮ್‌ಶೀದನ ಬಟ್ಟಲಿನಲ್ಲಿ ಇಡೀ ಜಗತ್ತು ಕಾಣುತ್ತಿತ್ತಂತೆ. ಇಂದಿನ ವಿಜ್ಞಾನ ಕಥೆಗಳ ಯಂತ್ರಗಳು ನಡೆಯದೇ ಹೋದ ಇತಿಹಾಸವನ್ನೂ ತೋರಿಸುತ್ತವೆ. ನಮ್ಮ ಬಳಿ ಇರುವುದು ‘ಒಂದು ವೇಳೆ’ ಎಂಬ ಪ್ರಶ್ನೆ ಮಾತ್ರ. ಅದನ್ನು ಬಳಸುವ ನಿಯಮ ಒಂದೇ: ಒಂದು ಸಂಗತಿಯನ್ನಷ್ಟೇ ಬದಲಿಸಬೇಕು, ಉಳಿದದ್ದನ್ನು ಮುಟ್ಟಬಾರದು.

ನಮ್ಮೂರಿನ ಯುದ್ಧವನ್ನೇ ನೋಡೋಣ. 1520ರಲ್ಲಿ ಕೃಷ್ಣದೇವರಾಯ ರಾಯಚೂರು ಕೋಟೆಗೆ ಮುತ್ತಿಗೆ ಹಾಕಿದ್ದ. ಬಿಜಾಪುರದ ಇಸ್ಮಾಯಿಲ್ ಆದಿಲ್ ಶಾಹ ಕೃಷ್ಣಾ ನದಿ ದಾಟಿ ಬಂದ. ಅವನ ಫಿರಂಗಿಗಳು ಮೊದಲು ವಿಜಯನಗರದ ಸಾಲುಗಳನ್ನು ಚದುರಿಸಿದವು. ರಾಯ ಮತ್ತೆ ಮೇಲೆರಗಿದಾಗ ಶಾಹನ ಸೈನ್ಯಕ್ಕೆ ಹಿಂದೆ ಸರಿಯಲು ಜಾಗವಿರಲಿಲ್ಲ, ಬೆನ್ನಿಗೇ ಹೊಳೆ. ಎಷ್ಟೋ ಜನ ನೀರುಪಾಲಾದರು. ಆಮೇಲೆ ಪೋರ್ಚುಗೀಸ್ ಬಂದೂಕುದಾರರ ನೆರವಿನಿಂದ ಕೋಟೆಯೂ ರಾಯನ ವಶವಾಯಿತು.

ಈಗ ಒಂದನ್ನೇ ಬದಲಿಸಿ: ಶಾಹ ಹೊಳೆ ದಾಟಲಿಲ್ಲ. ಸೈನ್ಯ ಉಳಿಯುತ್ತಿತ್ತು. ಕೋಟೆ ಬಹುಶಃ ಆಗಲೂ ಬೀಳುತ್ತಿತ್ತು. ಹೊರಗಿನ ನೆರವಿಲ್ಲದೆ ಎಷ್ಟು ದಿನ ತಡೆದೀತು? ಜಗಳವಂತೂ ನಿಲ್ಲುತ್ತಿರಲಿಲ್ಲ. ಉತ್ತರಕ್ಕೆ ದೇವದುರ್ಗದ ಅಂಚಿನ ಕೃಷ್ಣೆ, ದಕ್ಷಿಣಕ್ಕೆ ಮಾನ್ವಿಯ ಅಂಚಿನ ತುಂಗಭದ್ರೆ. ನಡುವಿನ ಈ ನೆಲಕ್ಕಾಗಿ ಬಹಮನಿಗಳ ಕಾಲದಿಂದಲೂ ಕಾದಾಟ ನಡೆದೇ ಇತ್ತು.

ಇದು ಎರಡು ಧರ್ಮಗಳ ಯುದ್ಧವೆಂದು ತರಗತಿಯಲ್ಲೂ ಕೆಲವರು ವಾದಿಸುತ್ತಾರೆ. ಸರಿ, ಧರ್ಮವನ್ನೇ ಬದಲಿಸಿ ನೋಡಿ: ಎರಡೂ ಕಡೆ ಮುಸ್ಲಿಂ ಅರಸರೇ ಇದ್ದಿದ್ದರೆ? ಇದಕ್ಕೆ ಊಹೆಯೂ ಬೇಡ. ಬಿಜಾಪುರ ಮತ್ತು ಅಹ್ಮದ್‌ನಗರದ ಸುಲ್ತಾನರು ಸೊಲ್ಲಾಪುರಕ್ಕಾಗಿ ಮತ್ತೆ ಮತ್ತೆ ಹೊಡೆದಾಡಿದರು. ವಿಜಯನಗರದ ಸೈನ್ಯದಲ್ಲಂತೂ ಎರಡನೇ ದೇವರಾಯನ ಕಾಲದಲ್ಲೇ ಮುಸ್ಲಿಂ ಬಿಲ್ಲುಗಾರರಿದ್ದರು.

1565ರ ತಾಳಿಕೋಟೆ ಯುದ್ಧವನ್ನು ಹೀಗೆ ನೋಡಬಯಸುವವರು, ಯಾವ ಒಂದು ಸಂಗತಿ ಬದಲಿಸುತ್ತೀರೆಂದು ಮೊದಲೇ ಬರೆದಿಟ್ಟುಕೊಳ್ಳಿ.