ಡ್ರಮ್ ಕಿಟ್ ಬಳಸುವವರು ಮಾಡಬೇಕಾದ್ದು, ಮಾಡಬಾರದ್ದು

ಈ ಸ್ಟುಡಿಯೊದಲ್ಲಿ ಹಿಪ್-ಹಾಪ್ ಬೀಟ್ ಕಟ್ಟಲು ಕೂರುವ ಎಲ್ಲರಿಗೂ ಇದು ಅನ್ವಯ.

ಮಾಡಬೇಕಾದ್ದು

ಕಿಟ್ ತೆರೆಯುವ ಮೊದಲು ಲೈಸೆನ್ಸ್ ಓದಿ. ‘ರಾಯಲ್ಟಿ ಫ್ರೀ’ ಎಂದಾಕ್ಷಣ ಆ ಸದ್ದು ನಿಮ್ಮ ಸ್ವತ್ತಲ್ಲ. ಹಾಡಿನೊಳಗೆ ಬಳಸಬಹುದು, ಅಷ್ಟೆ. ಅದೇ ಕಿಕ್, ಅದೇ ಸ್ನೇರ್ ತುಂಬಿ ನಿಮ್ಮ ಹೆಸರಿನ ಕಿಟ್ ಮಾರಲು ಬಹುತೇಕ ಲೈಸೆನ್ಸ್‌ಗಳು ಒಪ್ಪುವುದಿಲ್ಲ.

ಬೇಕಾದ ನಾಲ್ಕೈದು ಸದ್ದು ಆರಿಸಿಕೊಂಡು ಫೋಲ್ಡರ್ ಮುಚ್ಚಿ. 1988ರ ಎಂಪಿಸಿ 60 ಎಂಬ ಬೀಟ್ ಯಂತ್ರದಲ್ಲಿ ಇದ್ದದ್ದು 16 ಪ್ಯಾಡ್. ಎಷ್ಟು ಹಾಡು ಹುಟ್ಟಿದವು ಅದರಲ್ಲಿ!

808ನ್ನು ಹಾಡಿನ ಶ್ರುತಿಗೆ ಕೂಡಿಸಿ. ರೋಲ್ಯಾಂಡ್ 1980ರಲ್ಲಿ ತಂದ ಆ ಯಂತ್ರದ ಕಿಕ್‌ಗೆ ಉದ್ದನೆಯ ಬಾಲವಿದೆ, ಬಾಲಕ್ಕೆ ಸ್ವರವಿದೆ. ಶ್ರುತಿ ತಪ್ಪಿದ ತಂಬೂರಿ ಹಿಂದೆ ಮೀಟುತ್ತಿದ್ದರೆ ಹಾಡುಗಾರ ಏನು ಮಾಡಿಯಾನು?

ಕಿಕ್ ಮತ್ತು 808 ಒಟ್ಟಿಗೆ ಬೀಳುವ ಕಡೆ ಕಿವಿಗೊಟ್ಟು ಕೇಳಿ. ನನ್ನದೇ ಒಂದು ಬೀಟಿನಲ್ಲಿ ಎರಡೂ ಸೇರಿದಾಗ ಗುದ್ದೇ ಮಾಯವಾಗಿತ್ತು. ವಾಲ್ಯೂಮ್ ಏರಿಸುತ್ತಲೇ ಅರ್ಧ ರಾತ್ರಿ ಕಳೆಯಿತು. ಜೂಮ್ ಮಾಡಿ ನೋಡಿದರೆ ಒಂದರ ಅಲೆ ಏರುವಲ್ಲಿ ಇನ್ನೊಂದರದು ಇಳಿಯುತ್ತಿತ್ತು. ಒಂದರ ಪೋಲಾರಿಟಿ ತಿರುಗಿಸಿದೆ. ಗುದ್ದು ಎದೆಗೆ ಬಂದು ತಟ್ಟಿತು.

ಮಾಡಬಾರದ್ದು

ಎಲ್ಲ ಹೊಡೆತವನ್ನೂ ಗ್ರಿಡ್‌ಗೆ ಕಟ್ಟಿಹಾಕಬೇಡಿ. ಎಲ್ಲಕ್ಕೂ ಒಂದೇ ವೆಲಾಸಿಟಿ ಬೇಡ. ಹಿಪ್-ಹಾಪ್ ನಿರ್ಮಾಪಕ ಜೆ ಡಿಲಾ ಕಟ್ಟಿದ ಬೀಟುಗಳನ್ನು ಕೇಳಿ, ಹೊಡೆತ ತುಸು ಆಚೀಚೆ ಬಿದ್ದಾಗ ಹಾಡು ಹೇಗೆ ತೂಗುತ್ತದೆ ಎಂದು ಗೊತ್ತಾಗುತ್ತದೆ.

ತೆರೆದ ಹೈ-ಹ್ಯಾಟನ್ನೂ ಮುಚ್ಚಿದ್ದನ್ನೂ, ಒಂದು ನುಡಿದಾಗ ಇನ್ನೊಂದು ನಿಲ್ಲುವಂತೆ, ಒಂದೇ ಚೋಕ್ ಗ್ರೂಪಿಗೆ ಹಾಕದೆ ಬಿಡಬೇಡಿ.

ಹಳೆಯ ರೆಕಾರ್ಡಿನಿಂದ ಕತ್ತರಿಸಿದ ಬ್ರೇಕ್, ಕಿಟ್‌ನೊಳಗೇ ಸಿಕ್ಕಿದ್ದರೂ ಸರಿ, ಅನುಮತಿಯಿಲ್ಲದೆ ಬಿಡುಗಡೆ ಮಾಡಬೇಡಿ. ದಿ ವಿನ್‌ಸ್ಟನ್ಸ್ ತಂಡದ 1969ರ ‘ಅಮೆನ್, ಬ್ರದರ್’ನಲ್ಲಿ ಗ್ರೆಗರಿ ಕೋಲ್ಮನ್ ನುಡಿಸಿದ ಕೆಲವೇ ಸೆಕೆಂಡುಗಳ ಡ್ರಮ್ ಸಾವಿರಾರು ಹಾಡುಗಳ ಬೆನ್ನೆಲುಬಾಯಿತು. ಅದರ ರಾಯಲ್ಟಿ ಕಾಣದೆಯೇ ಅವರು 2006ರಲ್ಲಿ ತೀರಿಕೊಂಡರು. ಆ ಬ್ರೇಕ್ ಕೇಳಿದಾಗಲೆಲ್ಲ ನನಗೆ ಸಂಕಟವಾಗುತ್ತದೆ.

ನಮ್ಮಲ್ಲೂ ಅದೇ ಆಗಬಾರದು. ಜಾತ್ರೆಯಲ್ಲಿ ತಮಟೆಯ ಸದ್ದನ್ನು ಫೋನಿಗೆ ಹಿಡಿದು ತಂದವರು, ಬಾರಿಸಿದವರನ್ನು ಕೇಳದೆ ಅದನ್ನು ಕಿಟ್‌ಗೆ ಸೇರಿಸಕೂಡದು. ಒಪ್ಪಿದರೆ ಹಣ ಕೊಡಿ, ಹಾಡಿನ ಜೊತೆ ಹೆಸರು ಹಾಕಿ. ಯಾರು ಬಾರಿಸಿದರೆಂದು ಗೊತ್ತಿಲ್ಲದ ತಮಟೆಯನ್ನು ಇಲ್ಲಿನ ಕಂಪ್ಯೂಟರಿಗೆ ಹಾಕುವಂತಿಲ್ಲ.