ನಾಲ್ಕು ಕಾಟನ್ ಸೀರೆ ತನ್ನಿ

ಹವ್ಯಾಸಿ ರಂಗಭೂಮಿಯಿಂದ ಧಾರಾವಾಹಿಗೆ ಬಂದವಳು ನಾನು. ಬಂದ ಹೊಸದರಲ್ಲೇ ಅಮ್ಮನಾದೆ. ಆಮೇಲೆ ಅತ್ತೆ, ಅಜ್ಜಿ. ನಡುನಡುವೆ ಸಿನಿಮಾದಲ್ಲಿ ನರ್ಸು, ಹೆಡ್ ಮೇಡಂ. ಪ್ರೊಡಕ್ಷನ್ ಮ್ಯಾನೇಜರ್ ಫೋನಿನಲ್ಲಿ ಹೇಳುವುದು ಇಷ್ಟೇ: "ಅಮ್ಮನ ಕ್ಯಾರೆಕ್ಟರ್ ಮೇಡಂ, ನಾಲ್ಕು ಕಾಟನ್ ಸೀರೆ ತನ್ನಿ." ಆ ಅಮ್ಮನ ಊರು, ಓದು, ಸಾಲ ಎಲ್ಲವನ್ನೂ ನಾವೇ ತುಂಬಿಕೊಳ್ಳಬೇಕು.

ನಾನು ಕೈಯಿಂದ ತುಂಬಿಕೊಳ್ಳುವುದನ್ನು ಕಲಿತೆ. ಸೆಟ್ಟಿನಲ್ಲಿ ಅವರೆಕಾಯಿ ರಾಶಿ ಇಟ್ಟಿರುತ್ತಾರೆ. ಮಗನ ಫೀಸಿಗೆ ದುಡ್ಡು ಹೊಂದಿಸುತ್ತಿರುವವಳು ಹುಳುಕು ಕಾಳನ್ನೂ ತಿರುಗಿಸಿ ನೋಡುತ್ತಾಳೆ. ಸೊಸೆಯ ಮೇಲೆ ಸಿಟ್ಟಿರುವವಳು ಕಾಳು ನೋಡುವುದೇ ಇಲ್ಲ, ಸಿಪ್ಪೆ ಕಿತ್ತು ಎಸೆಯುತ್ತಾಳೆ. ಇದರ ಜೊತೆ ಕಂಟಿನ್ಯೂಟಿ ಬೇರೆ: ಮಾಸ್ಟರ್ ಶಾಟಿನಲ್ಲಿ ಯಾವ ಮಾತಿಗೆ ಕಾಯಿ ಎತ್ತಿಕೊಂಡೆನೋ ಕ್ಲೋಸಪ್ಪಿನಲ್ಲೂ ಅದೇ ಮಾತಿಗೆ ಎತ್ತಿಕೊಳ್ಳಬೇಕು. ಕ್ಯಾಮೆರಾ ಪಕ್ಕದಲ್ಲಿ ನಿಂತ ಅಸಿಸ್ಟೆಂಟ್ ಮುಂದಿನ ಮಾತನ್ನು ಪ್ರಾಂಪ್ಟ್ ಮಾಡುತ್ತಿರುತ್ತಾನೆ. ಕಿವಿ ಅವನ ಕಡೆ, ಕಣ್ಣು ಸೊಸೆಯ ಕಡೆ. ವಾರಗಟ್ಟಲೆ ತಾಲೀಮು ಮಾಡಿ ನಾಟಕ ಆಡಿದವಳಿಗೆ ಹೀಗೆ ಮಾತು ಕೇಳಿಸಿಕೊಂಡು ಹೇಳುವುದು ಮೊದಮೊದಲು ಅವಮಾನ ಅನ್ನಿಸಿತ್ತು. ಆದರೆ ಕಿರುತೆರೆ ನಡೆಯುವುದೇ ರಿಯಾಕ್ಷನ್ ಶಾಟುಗಳ ಮೇಲೆ. ಮಾತಿಲ್ಲದಾಗಲೂ ಮುಖ ಜೀವಂತವಾಗಿದ್ದವರಿಗೆ ಕಾಲ್‌ಶೀಟು ತಪ್ಪುವುದಿಲ್ಲ.

ಸಣ್ಣ ಪಾತ್ರವೆಂದು ಗೊಣಗುವ ಹುಡುಗರಿಗೆ ನಾನು ನಟ ಲೋಕನಾಥ್ ಅವರನ್ನು ನೆನಪಿಸುತ್ತೇನೆ. 1974ರ ‘ಭೂತಯ್ಯನ ಮಗ ಅಯ್ಯು’ವಿನಲ್ಲಿ ಅವರು ಉಪ್ಪಿನಕಾಯಿ ತಿಂದದ್ದನ್ನು ಜನ ಇವತ್ತಿಗೂ ಬಾಯಲ್ಲಿ ನೀರೂರಿಸಿಕೊಂಡು ಹೇಳುತ್ತಾರೆ. ಅದೇ ಮನುಷ್ಯ 1980ರ ‘ಮಿಂಚಿನ ಓಟ’ದಲ್ಲಿ ಕಾರು ಕದಿಯುವವರ ಜೊತೆಗಾರ.

ಉಮಾಶ್ರೀಯವರದು ಇನ್ನೊಂದು ಕಥೆ. ಸಿನಿಮಾದವರು ಅವರನ್ನು ಎಷ್ಟೋ ವರ್ಷ ನಗಿಸುವುದಕ್ಕೇ ಕರೆದರು. (ಆ ಪಾತ್ರಗಳನ್ನು ಹಗುರವಾಗಿ ಕಾಣುವವರು ಒಮ್ಮೆ ನಗಿಸಿ ನೋಡಲಿ.) ‘ಒಡಲಾಳ’ದ ಸಾಕವ್ವನಾಗಿ ಅವರನ್ನು ರಂಗದ ಮೇಲೆ ಕಂಡವರಿಗೆ 2008ರ ‘ಗುಲಾಬಿ ಟಾಕೀಸ್’ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂದಾಗ ಆಶ್ಚರ್ಯವೇನೂ ಆಗಿರಲಿಕ್ಕಿಲ್ಲ. ಮುಂದೆ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಮೆಸ್ ನಡೆಸುವ ಪುಟ್ಟಕ್ಕನಾದರು. ಪ್ರಶಸ್ತಿ ಬಂತೆಂದು ಕಿರುತೆರೆ ಅವರಿಗೆ ಕೀಳಾಗಲಿಲ್ಲ.

ನನಗೀಗ ಹೊಸದೊಂದು ಅಮ್ಮನ ಪಾತ್ರ ಬಂದಿದೆ, ಮೀನು ಮಾರುವವಳು. ನಾನೋ ಹುಟ್ಟಾ ಸಸ್ಯಾಹಾರಿ. ರಸೆಲ್ ಮಾರ್ಕೆಟ್ಟಿಗೆ ಹೋಗಿ ಒಬ್ಬಾಕೆಯ ಪಕ್ಕ ಕೂತೆ. ಕತ್ತಿ ಹಿಡಿದ ಕೂಡಲೇ "ಅಕ್ಕಾ, ಬೆರಳು ಹೋಗುತ್ತೆ!" ಎಂದು ಗದರಿದಳು. ಆ ಗದರಿಕೆಯನ್ನೂ ಪಾತ್ರಕ್ಕೆ ಎತ್ತಿಟ್ಟುಕೊಂಡಿದ್ದೇನೆ.